ಚಾಪ್ಲಿನ್ ವೇಷದ ಮೂಲ ರಂಗಭೂಮಿಯಲ್ಲಿ

1914ರ ಫೆಬ್ರವರಿಯಲ್ಲಿ ತೆರೆಕಂಡ ಕೀಸ್ಟೋನ್ ಸಂಸ್ಥೆಯ ಮೂಕಿಚಿತ್ರಗಳಲ್ಲಿ ಚಾರ್ಲಿ ಚಾಪ್ಲಿನ್ ಮೊದಲ ಬಾರಿಗೆ ಅಲೆಮಾರಿಯ ವೇಷ ತೊಟ್ಟರು. ದೊಗಲೆ ಪ್ಯಾಂಟು, ಅಳತೆ ಮೀರಿದ ಬೂಟು ಹೊಸತೇನಾಗಿರಲಿಲ್ಲ. ಇಂಗ್ಲೆಂಡಿನ ಮ್ಯೂಸಿಕ್ ಹಾಲ್ ರಂಗದ ಲಿಟಲ್ ಟಿಚ್ ತಮ್ಮ ಉದ್ದನೆಯ ಬೂಟುಗಳ ಕುಣಿತಕ್ಕೇ ಪ್ರಸಿದ್ಧರಾಗಿದ್ದರು. 1900ರಲ್ಲಿ ಪ್ಯಾರಿಸ್ಸಿನಲ್ಲಿ ಅದರ ಚಿತ್ರೀಕರಣವೂ ನಡೆದಿತ್ತು. ಸ್ವತಃ ಚಾಪ್ಲಿನ್ ಅದೇ ರಂಗದ ಫ್ರೆಡ್ ಕಾರ್ನೋ ತಂಡದಲ್ಲಿ ಪಳಗಿದವರು.

ಹೊಸತನವಿದ್ದುದು ಜೋಡಣೆಯಲ್ಲಿ. ಬೌಲರ್ ಟೋಪಿ, ಬೆತ್ತ ಅಂದಿನ ಮರ್ಯಾದಸ್ಥರ ಗುರುತು. ಸವೆದ ಬೂಟು ಬಡವನದು. ಉಡುಪಿನಿಂದಲೇ ಅಂತಸ್ತು ಅಳೆಯುತ್ತಿದ್ದ ಪ್ರೇಕ್ಷಕರಿಗೆ ಮಾತಿಲ್ಲದೆಯೂ ಈ ವಿರೋಧಾಭಾಸ ತಿಳಿಯುತ್ತಿತ್ತು. ಜಾಹೀರಾತುಗಳಲ್ಲಿ ಸವಕಲಾದ ಆ ಟೋಪಿ ಇಂದು ಬರೀ ನಗೆಯ ಚಿಹ್ನೆ. ಹೊಟ್ಟೆ ಹಸಿದಿದ್ದರೂ ಪೊಲೀಸನಿಗೆ ಟೋಪಿ ಎತ್ತಿ ವಂದಿಸುವ ಆ ಬಡವನ ಹಟ ಮಾತ್ರ ಈಗಿನವರ ಕಣ್ಣಿಗೆ ಬೀಳುವುದು ಕಡಿಮೆ.