ಶಿರಾ ತಿಂದಿದ್ದೀರಿ, ಶಿರಾ ಕಂಡಿದ್ದೀರಾ?

ಕಳೆದ ಡಿಸೆಂಬರಿನ ಒಂದು ಸಂಜೆ ಹೊಳವನಹಳ್ಳಿಯ ನಮ್ಮ ಮನೆಗೆ ಹಳೆಯ ಶಿಷ್ಯನೊಬ್ಬ ಬಂದ. ಎಂಟನೇ ತರಗತಿಯಲ್ಲಿ ಕೊನೆಯ ಬೆಂಚಿನಲ್ಲಿ ಕೂರುತ್ತಿದ್ದ ಹುಡುಗ, ಈಗ ಯುರೋಪಿನಲ್ಲಿ ಇಂಜಿನಿಯರ್. ಜೊತೆಯಲ್ಲಿ ಹುಬ್ಬಳ್ಳಿ ಕಡೆಯ ಹೆಂಡತಿ, ಹನ್ನೆರಡು ವರ್ಷದ ಮಗ. ಕಾಫಿ ಆಯಿತು, ಚಕ್ಕುಲಿ ಆಯಿತು. ಮಾತು ಪ್ರವಾಸದ ಕಡೆಗೆ ತಿರುಗಿತು.

ಹಿಂದಿನ ಬೇಸಿಗೆಯಲ್ಲಿ ಅವರು ಪೋರ್ಚುಗಲ್ ದೇಶದ ಪೋರ್ತೊ ಎಂಬ ಹಳೆಯ ನಗರಕ್ಕೆ ಹೋಗಿದ್ದರಂತೆ. ಅಲ್ಲಿ ದುಡ್ಡು ಕೊಟ್ಟರೆ ಮಾರ್ಗದರ್ಶಿಯೊಬ್ಬರು ಊರೆಲ್ಲ ನಡೆಸಿಕೊಂಡು ಹೋಗುತ್ತಾರೆ. ಒಂದು ಓಣಿ, ಒಂದು ಕಥೆ, ಒಂದು ತಿಂಡಿ. ಮತ್ತೊಂದು ಓಣಿ, ಮತ್ತೊಂದು ಕಥೆ, ಮತ್ತೊಂದು ತಿಂಡಿ. ಕಡೆಗೆ ದೋರು ನದಿಯ ಸೇತುವೆ ದಾಟಿ ಎದುರು ದಡದ ವೈನ್ ಉಗ್ರಾಣಕ್ಕೆ. ಅಲ್ಲಿ ಪುಟ್ಟ ಗಾಜಿನ ಲೋಟದಲ್ಲಿ ಎರಡು ಗುಟುಕು ಕೊಟ್ಟು, ಆ ವೈನು ಯಾವ ಬೆಟ್ಟದ ದ್ರಾಕ್ಷಿಯದು, ಪೀಪಾಯಿ ಮಾಡಿದವರು ಯಾರು, ಎಷ್ಟು ವರ್ಷ ಕಾದಿದ್ದು ಎಂದು ವಿವರಿಸುತ್ತಾರೆ.

“ದ್ರಾಕ್ಷಿ ರಸ ಹುದುಗುತ್ತಿರುವಾಗ ಅರ್ಧದಲ್ಲೇ ದ್ರಾಕ್ಷಿಯಿಂದಲೇ ತೆಗೆದ ಕಡುಮದ್ಯ ಸುರಿದುಬಿಡ್ತಾರೆ ಸಾರ್. ಯೀಸ್ಟ್ ಸತ್ತುಹೋಗತ್ತೆ. ಉಳಿದ ಸಕ್ಕರೆ ಹಾಗೇ ಉಳಿಯತ್ತೆ. ಅದಕ್ಕೇ ಪೋರ್ಟ್ ವೈನ್ ಸಿಹಿ” ಎಂದ. ಪಾಠ ಸರಿಯಾಗಿತ್ತು. ವಿಜ್ಞಾನದ ಮೇಷ್ಟ್ರಿಗೆ ಇನ್ನೇನು ಬೇಕು? ಆದರೆ ಮುಂದಿನ ಮಾತು ಚುಚ್ಚಿತು.

“ನಮ್ಮ ಕಡೆ ತೋರಿಸೋಕೆ ಇಂಥದ್ದು ಏನಿದೆ ಸಾರ್?”

ಪೋರ್ತೊ ನಗರದ ಹಳೆಯ ಭಾಗ 1996ರಿಂದ ಯುನೆಸ್ಕೊದ ವಿಶ್ವ ಪರಂಪರೆಯ ಪಟ್ಟಿಯಲ್ಲಿದೆ. ನಮ್ಮದು ಯಾವ ಪಟ್ಟಿಯಲ್ಲೂ ಇಲ್ಲ, ಒಪ್ಪಿದೆ. ಆದರೆ ನಮ್ಮ ಹೊಳವನಹಳ್ಳಿಯೇ ಒಂದು ಕಾಲಕ್ಕೆ ಆವತಿ ನಾಡಪ್ರಭುಗಳ ವಂಶದ ಪಾಳೆಯಗಾರರು ಆಳಿದ ಊರು. ಮಧುಗಿರಿ ದಾಟಿದರೆ ಮೊಗಲರ ಸುಭಾದ ರಾಜಧಾನಿ. “ನಾಳೆ ಬೆಳಿಗ್ಗೆ ಆರಕ್ಕೆ ತಯಾರಾಗು. ಶಿರಾಕ್ಕೆ ಹೋಗೋಣ. ಮಾರ್ಗದರ್ಶಿ ನಾನೇ, ಫೀಸಿಲ್ಲ” ಎಂದೆ.

ಆತನ ಹೆಂಡತಿ ನಕ್ಕುಬಿಟ್ಟರು. “ಅಲ್ರೀ ಸರ್, ನಮ್ಮ ಕಡೆ ಶಿರಾ ಅಂದ್ರ ತುಪ್ಪ ಸಕ್ರಿ ಹಾಕಿ ಮಾಡೋ ರವಾದ ಶಿರಾ. ಅದನ್ನ ತಿಂತೀವಿ. ನೀವು ನೋಡಾಕ ಕರ್ಕೊಂಡು ಹೊಂಟೀರಿ!”

ಮೊದಲು ಇಡ್ಲಿ, ಆಮೇಲೆ ಇತಿಹಾಸ

ಕೊರಟಗೆರೆ, ಮಧುಗಿರಿಯ ಏಕಶಿಲಾ ಬೆಟ್ಟ, ಆಮೇಲೆ ಬಯಲು. ಶಿರಾ ಪೇಟೆಯಲ್ಲಿ ಇಳಿದಾಗ ಎಂಟು ಗಂಟೆ. ಹಸಿದ ಹೊಟ್ಟೆಗೆ ಇತಿಹಾಸ ಇಳಿಯುವುದಿಲ್ಲ ಎಂಬುದು ಮೂವತ್ತು ವರ್ಷ ಮಕ್ಕಳಿಗೆ ಪಾಠ ಹೇಳಿ ಕಲಿತ ಸತ್ಯ. ಆದ್ದರಿಂದ ಮೊದಲ ನಿಲುಗಡೆ ಚಿಕ್ಕದೊಂದು ಹೋಟೆಲು. ನಮ್ಮ ಜಿಲ್ಲೆಯ ಹೆಮ್ಮೆಯಾದ ತಟ್ಟೆ ಇಡ್ಲಿ, ಮೇಲೊಂದು ಬೆಣ್ಣೆಯ ಉಂಡೆ, ಪಕ್ಕದಲ್ಲಿ ಚಟ್ನಿ. ಹುಡುಗ ಇಡ್ಲಿಯನ್ನು ಬಿಡಿಸಿ ಒಳಗಿನ ತೂತುಗಳನ್ನು ನೋಡುತ್ತಿದ್ದ. “ರಾತ್ರಿಯೆಲ್ಲ ಹಿಟ್ಟು ಹುಳಿ ಬಂದಾಗ ಸೂಕ್ಷ್ಮಜೀವಿಗಳು ಬಿಟ್ಟ ಗಾಳಿ ಅದು. ನಿಮ್ಮಪ್ಪ ಹೇಳಿದ ವೈನಿನ ದೂರದ ನೆಂಟ ಅನ್ನು” ಎಂದೆ.

ಅಲ್ಲಿಂದ ಕೋಟೆಗೆ ನಡಿಗೆ. ಶಿರಾ ಊರು ಕಟ್ಟಿಸಲು ಶುರು ಮಾಡಿದವನು ರತ್ನಗಿರಿಯ ನಾಯಕ ರಂಗಪ್ಪ. ಕೆಲಸ ಮುಗಿಯುವ ಮೊದಲೇ, 1638ರಲ್ಲಿ, ಬಿಜಾಪುರದ ಸೇನಾನಿ ರಣದುಲ್ಲಾ ಖಾನ್ ಬಂದು ವಶಪಡಿಸಿಕೊಂಡ. ಕಲ್ಲಿನ ಗೋಡೆಯ ಕೆಳಗಿನ ಕಂದಕವನ್ನು ತೋರಿಸಿ ಇಷ್ಟು ಹೇಳುವಷ್ಟರಲ್ಲಿ ನಮ್ಮ ಹಿಂದೆ ಏಳೆಂಟು ಮಂದಿ ಸೇರಿದ್ದರು. ಒಬ್ಬ ಹೂವಿನವಳು, ಇಬ್ಬರು ಕಾಲೇಜು ಹುಡುಗರು, ಸೈಕಲ್ ನಿಲ್ಲಿಸಿ ನಿಂತ ಒಬ್ಬ ಮುದುಕರು. “ನಾವು ಇಲ್ಲೇ ಹುಟ್ಟಿದೋರು. ಇದನ್ನ ಯಾರೂ ನಮಗೆ ಹೇಳಿರಲಿಲ್ಲ” ಎಂದ ಕಾಲೇಜು ಹುಡುಗ.

ಮುಂದೆ ಮಲಿಕ್ ರಿಹಾನ್ ದರ್ಗಾ. ಬಿಜಾಪುರದ ಕಾಲದ ಸುಬೇದಾರನ ಸಮಾಧಿ, ಕಟ್ಟಿದ್ದು 1651ರಲ್ಲಿ. ಅದರ ಗುಮ್ಮಟ ನೋಡಿದರೆ ಬಿಜಾಪುರದ ತಂಗಿ ಎನ್ನಿಸುತ್ತದೆ. ಅಲ್ಲಿಂದ ಜುಮ್ಮಾ ಮಸೀದಿ. ಔರಂಗಜೇಬನ ಸೇನಾಪತಿ ಖಾಸಿಂ ಖಾನ್ 1687ರಲ್ಲಿ ಶಿರಾವನ್ನು ಗೆದ್ದ ಮೇಲೆ, 1696ರಲ್ಲಿ ಕಡೆದ ಕಲ್ಲಿನಲ್ಲಿ ಕಟ್ಟಿದ್ದು. ಪಕ್ಕದ ಓಣಿಯ ಚಹಾದಂಗಡಿಯಲ್ಲಿ ಎರಡನೆಯ ನಿಲುಗಡೆ. ಬಿಸಿ ಸಮೋಸ, ಏಲಕ್ಕಿ ಹಾಕಿದ ಚಹಾ. ಅಂಗಡಿಯ ಹಿರಿಯರು ದುಡ್ಡು ಬೇಡವೆಂದರು. “ಊರಿನ ವಿಷಯ ಹೇಳ್ತಾ ಇದೀರಿ, ಕುಡೀರಿ” ಎಂದರು. ಪೋರ್ತೊದಲ್ಲಿ ಹೀಗೆ ಆಗುತ್ತದೆಯೇ ಎಂದು ಶಿಷ್ಯನ ಮುಖ ನೋಡಿದೆ.

ಹನ್ನೆರಡು ಸಾವಿರ ಸಂಸಾರ

ಮೊಗಲರು ಶಿರಾವನ್ನು ಹೊಸ ಸುಭಾದ ರಾಜಧಾನಿ ಮಾಡಿದರು. ಬಸವಾಪಟ್ಟಣ, ಬೂದಿಹಾಳ, ಶಿರಾ, ಪೆನುಕೊಂಡ, ದೊಡ್ಡಬಳ್ಳಾಪುರ, ಹೊಸಕೋಟೆ, ಕೋಲಾರ, ಹೀಗೆ ಏಳು ಪರಗಣಗಳು ಇದರ ಆಡಳಿತಕ್ಕೆ ಸೇರಿದ್ದವು. ಬೆಂಗಳೂರಿನ ಸುತ್ತಮುತ್ತಲ ಸೀಮೆ ಶಿರಾದ ಅಪ್ಪಣೆ ಕಾಯುತ್ತಿದ್ದ ಕಾಲವೊಂದಿತ್ತು! ಸುಬೇದಾರ ದಿಲಾವರ್ ಖಾನನ ಕಾಲದಲ್ಲಿ ಇಲ್ಲಿ ಐವತ್ತು ಸಾವಿರ ಮನೆಗಳಿದ್ದವಂತೆ. ಬೆಂಗಳೂರು ಮತ್ತು ಶ್ರೀರಂಗಪಟ್ಟಣದಲ್ಲಿ ಹೈದರ್, ಟಿಪ್ಪು ಕಟ್ಟಿಸಿದ ಅರಮನೆಗಳಿಗೆ ಆತನ ಅರಮನೆಯೇ ಮಾದರಿ ಎಂದು ಬಿ.ಎಲ್. ರೈಸ್ ತಮ್ಮ ಗೆಜೆಟಿಯರಿನಲ್ಲಿ ದಾಖಲಿಸಿದ್ದಾರೆ. ಇಲ್ಲಿನ ಖಾನ್ ಬಾಗ್ ತೋಟವೇ ಬೆಂಗಳೂರಿನ ಲಾಲ್‌ಬಾಗಿಗೆ ಪ್ರೇರಣೆ ಇದ್ದೀತು ಎಂಬ ಮಾತೂ ಇದೆ. ಲಾಲ್‌ಬಾಗಿನಲ್ಲಿ ಫಲಪುಷ್ಪ ಪ್ರದರ್ಶನಕ್ಕೆ ಮುಗಿಬೀಳುವ ಜನರಲ್ಲಿ ಶಿರಾವನ್ನು ನೆನೆಯುವವರು ಎಷ್ಟು ಮಂದಿ?

ಇಷ್ಟು ದೊಡ್ಡ ಊರು ಏನಾಯಿತು? ಹುಡುಗ ಕೇಳಿದ. ಒಳ್ಳೆಯ ಪ್ರಶ್ನೆ. 1757ರಲ್ಲಿ ಮರಾಠರು ಹಿಡಿದರು. 1761ರಲ್ಲಿ ಹೈದರ್ ಬಂದ, ಶಿರಾದ ನವಾಬನೆಂಬ ಬಿರುದು ಪಡೆದ. 1766ರಲ್ಲಿ ಮತ್ತೆ ಮರಾಠರು. 1774ರಲ್ಲಿ ಟಿಪ್ಪು. ಸೇನೆಗಳು ಹೀಗೆ ಹೋಗಿಬಂದು ಮಾಡುವಾಗ ಊರು ಏನಾಗುತ್ತದೆಂದು ಹೇಳಬೇಕಿಲ್ಲ. ಅದರ ಮೇಲೆ, ಶ್ರೀರಂಗಪಟ್ಟಣದ ಬಳಿ ಗಂಜಾಂ ಪೇಟೆಯನ್ನು ತುಂಬಿಸಲು ಇಲ್ಲಿಂದ ಹನ್ನೆರಡು ಸಾವಿರ ಸಂಸಾರಗಳನ್ನು ಟಿಪ್ಪು ಎಬ್ಬಿಸಿಕೊಂಡು ಹೋದ. ಕಸುಬುದಾರರು ಹೋದ ಮೇಲೆ ಊರಿನಲ್ಲಿ ಕಲ್ಲು ಉಳಿಯಿತು, ಕಥೆ ಹೇಳುವವರು ಕಡಿಮೆಯಾದರು. ಈಗ ಪುಣೆ ಹೆದ್ದಾರಿಯಲ್ಲಿ ನಮ್ಮ ಶಾಲೆಗಳ ಪ್ರವಾಸದ ಬಸ್ಸುಗಳು ಹಂಪಿಗೆಂದು ಹೊರಟು, ಶಿರಾದ ಪಕ್ಕದಲ್ಲೇ ಹಾದುಹೋಗುತ್ತವೆ. ಅಂಥ ಬಸ್ಸಿನಲ್ಲಿ ಮಕ್ಕಳನ್ನು ಎಣಿಸುತ್ತ ಕೂತ ಮೇಷ್ಟ್ರುಗಳಲ್ಲಿ ನಾನೂ ಒಬ್ಬ.

ತಟ್ಟೆಯಲ್ಲಿ ಭೂಪಟ

ಸಂತೆಯ ಬದಿಯಲ್ಲಿ ಬೇಯಿಸಿದ ಕಡಲೆಕಾಯಿ ಮಾರುತ್ತಿದ್ದರು. ಒಂದು ಪೊಟ್ಟಣ ಕೊಂಡು ಹಂಚಿಕೊಂಡೆವು. ಶಿರಾ, ಪಾವಗಡ ಸೀಮೆಯ ಒಣಭೂಮಿಯ ರೈತನ ಕೈ ಹಿಡಿದ ಈ ಬೆಳೆ ನಮ್ಮದಲ್ಲ, ದಕ್ಷಿಣ ಅಮೆರಿಕದ್ದು. ಮೆಣಸಿನಕಾಯಿಯ ತವರೂ ಅಮೆರಿಕ ಖಂಡವೇ. ಅದನ್ನು ಹಡಗಿನಲ್ಲಿ ನಮ್ಮ ನಾಡಿಗೆ ತಂದವರು ಶಿಷ್ಯ ನೋಡಿಬಂದ ಅದೇ ಪೋರ್ಚುಗಲ್ಲಿನವರು.

ಮಧ್ಯಾಹ್ನ ಮಿಲ್ಟ್ರಿ ಹೋಟೆಲಿನಲ್ಲಿ ಊಟ. ಅವರಿಗೆ ಮುದ್ದೆ, ಕುರಿ ಮಾಂಸದ ಸಾರು. ನನಗೆ ಮುದ್ದೆ, ಹುರುಳಿಕಾಳಿನ ಸಾರು. ಕುರಿ, ಕಂಬಳಿ ಎಂದರೆ ಶಿರಾ ಎಂಬ ಹೆಸರು ಹಿಂದಿನಿಂದಲೂ ಇದೆ. ಆದರೆ ಮುದ್ದೆಯ ರಾಗಿಯ ತವರು ಪೂರ್ವ ಆಫ್ರಿಕದ ಎತ್ತರದ ಸೀಮೆ. ಸಾವಿರಾರು ವರ್ಷಗಳ ಹಿಂದೆ ಬಂದು ನಮ್ಮದಾಯಿತು. ಸಾರಿನ ಹುಣಸೆಯೂ ಮೂಲತಃ ಆಫ್ರಿಕದ ಮರ. ಒಂದು ತಟ್ಟೆಯಲ್ಲಿ ಎರಡು ಖಂಡ! ಹುಬ್ಬಳ್ಳಿಯ ಹೆಣ್ಣುಮಗಳು ಮುದ್ದೆಯನ್ನು ಅಗಿಯದೆ ನುಂಗಲು ಕಲಿತದ್ದೇ ಅಂದಿನ ದೊಡ್ಡ ಸಾಹಸ.

ಕೈ ತೊಳೆಯುವಾಗ ಹುಡುಗ ಕೇಳಿದ. “ಅಜ್ಜಾ, ಪೋರ್ತೊದಲ್ಲಿ ಕೊನೆಗೆ ವೈನ್ ಇತ್ತು. ಇಲ್ಲಿ?”

ತಾಯಿ ಗದರಿದರು. ತಂದೆ ನೆಲ ನೋಡಿದ. ಆ ನೋಟ ನನಗೆ ಗೊತ್ತಿತ್ತು. “ಅದು ನಮ್ಮೂರಿನಲ್ಲಿದೆ. ಹಿಂದಿರುಗುವಾಗ ತೋರಿಸ್ತೀನಿ” ಎಂದೆ.

ಕೊನೆಯ ನಿಲುಗಡೆ

ಇಲ್ಲಿ ನಾನೊಂದು ತಪ್ಪು ಒಪ್ಪಿಕೊಳ್ಳಬೇಕು. ಅದು 1996. ನಾನು ಕೆಲಸಕ್ಕೆ ಸೇರಿ ಎರಡು ವರ್ಷವಾಗಿತ್ತು. ಎಂಟನೇ ತರಗತಿಗೆ ಹುದುಗುವಿಕೆಯ ಪಾಠ ಮಾಡುತ್ತಿದ್ದೆ. ಯೀಸ್ಟ್ ಎಂಬ ಸೂಕ್ಷ್ಮಜೀವಿ ಸಕ್ಕರೆಯನ್ನು ತಿಂದು ಆಲ್ಕೊಹಾಲ್ ಮತ್ತು ಇಂಗಾಲದ ಡೈ ಆಕ್ಸೈಡ್ ಮಾಡುತ್ತದೆ ಎಂದು ಬೋರ್ಡಿನ ಮೇಲೆ ಬರೆದೆ. “ಉದಾಹರಣೆಗೆ ಹೆಂಡ. ಅದರ ವಿಷಯ ಇವನನ್ನು ಕೇಳಿ, ನನಗಿಂತ ಚೆನ್ನಾಗಿ ಹೇಳ್ತಾನೆ” ಎಂದು ಕೊನೆಯ ಬೆಂಚಿನತ್ತ ಕೈ ತೋರಿದೆ. ಅವನ ಅಪ್ಪ ಈಚಲು ಮರ ಏರಿ ಹೆಂಡ ಇಳಿಸುತ್ತಿದ್ದವನು. ತಮಾಷೆ ಎಂದುಕೊಂಡು ಆಡಿದ ಮಾತು. ತರಗತಿ ಗೊಳ್ಳೆಂದು ನಕ್ಕಿತು.

ಹುಡುಗ ಒಂದು ವಾರ ಶಾಲೆಗೆ ಬರಲಿಲ್ಲ. ಎಂಟನೆಯ ದಿನ ಅವನ ಅಪ್ಪ ಬಂದು, ಟವೆಲನ್ನು ಕಂಕುಳಿಗೆ ಸಿಕ್ಕಿಸಿ ಬಾಗಿಲ ಹೊರಗೆ ನಿಂತ. “ಸ್ವಾಮಿ, ಹುಡುಗ ಇಸ್ಕೂಲಿಗೆ ಒಲ್ಲೆ ಅಂತಾನೆ. ಏನು ತಪ್ಪು ಮಾಡಿದ್ನೋ, ನೀವೇ ಒಸಿ ಬುದ್ಧಿ ಹೇಳಿ” ಎಂದ. ತಪ್ಪು ನನ್ನದೆಂದು ಹೇಳುವ ಧೈರ್ಯ ಬರಲಿಲ್ಲ. “ಏನಿಲ್ಲ, ಕಳಿಸು” ಎಂದಷ್ಟೇ ಹೇಳಿದೆ.

ಸಂಜೆ ಜಯಮಂಗಲಿ ಹೊಳೆಯ ದಡಕ್ಕೆ ನಾಲ್ವರೂ ನಡೆದೆವು. ದೇವರಾಯನದುರ್ಗದಲ್ಲಿ ಹುಟ್ಟಿ ಉತ್ತರ ಪಿನಾಕಿನಿಯನ್ನು ಸೇರುವ ಈ ಹೊಳೆಯ ಪಕ್ಕದಲ್ಲಿ ಹಳೆಯ ಈಚಲು ಮರಗಳು ಇನ್ನೂ ಇವೆ. ಒಂದರ ಕಾಂಡದ ಮೇಲೆ ಎಡಕ್ಕೊಂದು, ಬಲಕ್ಕೊಂದು ಕಚ್ಚು. ನಾನು ಬಾಯಿ ತೆರೆಯುವ ಮೊದಲೇ ಶಿಷ್ಯ ಮಗನನ್ನು ಹತ್ತಿರ ಕರೆದ.

“ಒಂದು ವರ್ಷ ಈ ಕಡೆ ಕೆತ್ತಿದರೆ ಮುಂದಿನ ವರ್ಷ ಆ ಕಡೆ. ಮರಕ್ಕೆ ಸುಧಾರಿಸ್ಕೊಳೋಕೆ ಪುರಸೊತ್ತು ಬೇಕಲ್ಲ. ಸಂಜೆ ಮಡಕೆ ಕಟ್ಟೋದು, ಬೆಳಕು ಹರಿಯೋ ಹೊತ್ತಿಗೆ ಇಳಿಸೋದು. ಆಗ ಕುಡಿದರೆ ಸಿಹಿ, ನೀರಾ. ಬಿಸಿಲೇರಿದರೆ ನೊರೆ, ಹೆಂಡ. ಇನ್ನೂ ಬಿಟ್ಟರೆ ಹುಳಿ. ಸಿಹಿಯಾಗೇ ಇರಬೇಕಾದರೆ ಮಡಕೆ ಒಳಗೆ ಸುಣ್ಣ ಬಳೀತಿದ್ರು.”

ಸುಣ್ಣ ಕ್ಷಾರ. ಕ್ಷಾರದಲ್ಲಿ ಯೀಸ್ಟಿನ ಆಟ ನಿಧಾನ. ಪೋರ್ತೊದವರು ಕಡುಮದ್ಯ ಸುರಿದು ಉಳಿಸುವ ಸಿಹಿಯನ್ನು ನಮ್ಮೂರಿನ ಅಕ್ಷರ ಬಾರದ ಮನುಷ್ಯ ಒಂದು ಚಿಟಿಕೆ ಸುಣ್ಣದಲ್ಲಿ ಉಳಿಸುತ್ತಿದ್ದ. ಆ ದಿನ ತರಗತಿಯಲ್ಲಿ ನಾನು ಇದನ್ನು ಕೇಳಿ ಕಲಿಯಬಹುದಿತ್ತು. ನಗಿಸಿ ಕಳೆದುಕೊಂಡೆ.

ತಪ್ಪು ತಿಳಿಯಬೇಡಿ. ಕುಡಿತ ಹಾಳುಮಾಡಿದ ಸಂಸಾರಗಳನ್ನು ಈ ಸೀಮೆಯಲ್ಲೇ ಕಂಡಿದ್ದೇನೆ. ಸರ್ಕಾರ 2007ರಲ್ಲಿ ಸಾರಾಯಿ ನಿಷೇಧಿಸಿದಾಗ ನಿಟ್ಟುಸಿರು ಬಿಟ್ಟ ಹೆಂಗಸರನ್ನೂ ಕಂಡಿದ್ದೇನೆ. ನಮ್ಮ ಕಡೆ ಹೆಂಡ ಇಳಿಸುವುದೂ ನಿಂತಿದೆ, ಮತ್ತೆ ಬರಲೆಂದು ನಾನು ಹೇಳುತ್ತಿಲ್ಲ. ಆದರೆ ಅದೇ 2007ರಲ್ಲಿ ರಾಜ್ಯಕ್ಕೊಂದು ವೈನ್ ನೀತಿ ಬಂತು. ನಮ್ಮ ನೆರೆಯ ಬಳ್ಳಾಪುರ, ದೇವನಹಳ್ಳಿ ಸೀಮೆಯ ಬೆಂಗಳೂರು ನೀಲಿ ದ್ರಾಕ್ಷಿಗೆ 2013ರಲ್ಲಿ ಭೌಗೋಳಿಕ ಗುರುತೂ ಸಿಕ್ಕಿತು. ದ್ರಾಕ್ಷಿ ತೋಟ ತೋರಿಸಿ ವೈನಿನ ರುಚಿ ನೋಡಿಸಿದರೆ ಅದು ಪ್ರವಾಸ. ಈಚಲು ಮರ ಏರಿದವನ ಮಗನಿಗೆ ಮಾತ್ರ ತಲೆ ತಗ್ಗಿಸುವ ಶಿಕ್ಷೆ. ಇದು ಯಾವ ನ್ಯಾಯ?

ಹುಡುಗ ಕಚ್ಚುಗಳನ್ನು ಎಣಿಸುತ್ತಿದ್ದಾಗ ಶಿಷ್ಯನಿಗೆ ಹೇಳಿದೆ. “ಆ ದಿನ ತರಗತಿಯಲ್ಲಿ ನಾನು ಆಡಿದ್ದು ತಪ್ಪು ಕಣಪ್ಪ. ನಿಮ್ಮಪ್ಪನ ಹತ್ತಿರವೂ ಹೇಳಲಿಲ್ಲ. ಈಗ ಅವರಿಲ್ಲ.”

ಅವನು ಸ್ವಲ್ಪ ಹೊತ್ತು ಸುಮ್ಮನಿದ್ದ. “ಅಪ್ಪ ಅವತ್ತು ಮನೆಗೆ ಬಂದು, ಮೇಷ್ಟ್ರು ಒಳ್ಳೆಯವರು, ಬೈಲಿಲ್ಲ ಅಂದ್ರು ಸಾರ್. ಅದಕ್ಕೇ ಮಾರನೆ ದಿನ ಬಂದೆ” ಎಂದ.

“ಇಪ್ಪತ್ತಮೂರು!” ಎಂದು ಹುಡುಗ ಕೂಗಿದ. “ಅಪ್ಪಾ, ಇದನ್ನೆಲ್ಲ ಅಜ್ಜನೇ ಕೆತ್ತಿದ್ದಾ?”

“ಎಲ್ಲ ಅಲ್ಲ. ಕೆಳಗಿನವು ನಿಮ್ಮ ಮುತ್ತಜ್ಜಂದು” ಎಂದ ಶಿಷ್ಯ. ಈ ಸಲ ಅವನು ನೆಲ ನೋಡಲಿಲ್ಲ.

ಅವರು ಊರಿಗೆ ಮರಳಿ ತಿಂಗಳಾದ ಮೇಲೆ ಒಂಬತ್ತನೇ ತರಗತಿಯ ಮೂವತ್ತು ಮಕ್ಕಳನ್ನು ಶಿರಾಕ್ಕೆ ಕರೆದೊಯ್ದೆ. ಇಡ್ಲಿ, ಕೋಟೆ, ದರ್ಗಾ, ಚಹಾ, ಕಡಲೆಕಾಯಿ, ಎಲ್ಲ ಅದೇ ಕ್ರಮದಲ್ಲಿ. ಮಧುಗಿರಿ, ಪಾವಗಡ, ನಿಡಗಲ್ಲು, ನಮ್ಮ ಸುತ್ತ ಇಂಥ ಊರುಗಳಿಗೆ ಬರವಿಲ್ಲ. ನಿಮ್ಮ ಪಕ್ಕದಲ್ಲೂ ಒಂದು ಇದ್ದೇ ಇರುತ್ತದೆ. ಕೋಟೆ ಕಟ್ಟಿಸಿದವರ ಹೆಸರು ಪುಸ್ತಕದಲ್ಲಿ ಸಿಗುತ್ತದೆ. ಕಂಬಳಿ ನೇಯ್ದವರು, ಕಡಲೆಕಾಯಿ ಬೆಳೆದವರು, ಮರ ಏರಿದವರ ವಿಷಯ ಮಾತ್ರ ಅವರ ಮನೆಯವರನ್ನೇ ಕೇಳಬೇಕು. ಕೇಳುವಾಗ ನಗಬೇಡಿ.