ಆಸ್ತಿ ಜಗಳದಲ್ಲಿ ಪೊಲೀಸ್ ರಕ್ಷಣೆ: ನ್ಯಾಯಾಲಯದ ದಾರಿ



ಕೃಷ್ಣಾ ಮತ್ತು ತುಂಗಭದ್ರಾ ನದಿಗಳ ನಡುವಿನ ರಾಯಚೂರು ಸೀಮೆಯಲ್ಲಿ ಹೊಲಕ್ಕೆ ನೀರು ಬಂದಂತೆ ಅದರ ಬೆಲೆಯೂ ಏರಿತು. ದೇವದುರ್ಗದ ಕಡೆ ನಾರಾಯಣಪುರ ಬಲದಂಡೆ ಕಾಲುವೆ, ಮಾನ್ವಿಯ ಕಡೆ ತುಂಗಭದ್ರಾ ಎಡದಂಡೆ ಕಾಲುವೆ ಒಣಭೂಮಿಗೆ ನೀರುಣಿಸಿದವು. ಬೆಲೆ ಬಂದ ಭೂಮಿಗಾಗಿ ಅಣ್ಣತಮ್ಮಂದಿರೇ ಎದುರುಬದುರಾಗುವುದುಂಟು. ಜಗಳ ಮಾತಿನಲ್ಲಿರುವವರೆಗೆ ಹಿರಿಯರು ಕೂಡಿ ಬಗೆಹರಿಸಬಹುದು. ಬೆದರಿಕೆಗೆ ತಿರುಗಿದರೆ ಏನು ಮಾಡಬೇಕು?

ಒಂದು ಉದಾಹರಣೆ ನೋಡೋಣ. ತಂದೆ ತೀರಿಕೊಂಡ ವಿದ್ಯಾರ್ಥಿನಿಯೊಬ್ಬಳು ತಾಯಿಯೊಡನೆ ಮಾನ್ವಿ ತಾಲ್ಲೂಕಿನ ಹಳ್ಳಿಮನೆಯಲ್ಲಿದ್ದಾಳೆ ಎಂದು ಭಾವಿಸಿ. ‘ಹೆಣ್ಣುಮಕ್ಕಳಿಗೆ ಪಾಲಿಲ್ಲ, ಮನೆ ಖಾಲಿ ಮಾಡಿ’ ಎಂದು ದೊಡ್ಡಪ್ಪ ಆಳುಗಳೊಂದಿಗೆ ಬರುತ್ತಾನೆ. ಠಾಣೆಗೆ ಹೋದರೆ, ‘ಇದು ಸಿವಿಲ್ ವ್ಯಾಜ್ಯ, ಕೋರ್ಟಿಗೆ ಹೋಗಿ’ ಎಂಬ ಉತ್ತರ ಸಿಗುತ್ತದೆ.

ದೊಡ್ಡಪ್ಪನ ಮಾತು ಪೂರ್ತಿ ತಪ್ಪು. ತೀರಿಕೊಂಡವನ ಆಸ್ತಿಯಲ್ಲಿ ಹೆಂಡತಿಗೂ ಮಗಳಿಗೂ 1956ರ ಹಿಂದೂ ಉತ್ತರಾಧಿಕಾರ ಕಾಯ್ದೆಯೇ ಪಾಲು ಕೊಟ್ಟಿದೆ. 2005ರ ತಿದ್ದುಪಡಿ ಪಿತ್ರಾರ್ಜಿತ ಆಸ್ತಿಯಲ್ಲಿ ಮಗಳನ್ನು ಮಗನಿಗೆ ಸಮಾನಳನ್ನಾಗಿಸಿತು.

ಠಾಣೆಯ ಉತ್ತರ ಅರ್ಧ ಮಾತ್ರ ಸರಿ. ಆಸ್ತಿ ಯಾರದೆಂದು ನಿರ್ಣಯಿಸುವ ಅಧಿಕಾರ ಪೊಲೀಸರಿಗಿಲ್ಲ. ಆದರೆ ಮನೆಗೆ ನುಗ್ಗುವುದು, ಆಯುಧದಿಂದ ಹೊಡೆಯುವುದು ಅಪರಾಧ. ಇಂಥ ಸಂಜ್ಞೇಯ ಅಪರಾಧದ ದೂರನ್ನು ದಾಖಲಿಸಲೇಬೇಕೆಂದು ಸುಪ್ರೀಂ ಕೋರ್ಟ್ 2013ರಲ್ಲಿ ಲಲಿತಾ ಕುಮಾರಿ ಪ್ರಕರಣದಲ್ಲಿ ತೀರ್ಪಿತ್ತಿದೆ. ದಾಖಲಿಸದಿದ್ದರೆ ಜಿಲ್ಲಾ ಪೊಲೀಸ್ ವರಿಷ್ಠಾಧಿಕಾರಿಗೆ ಬರೆಯಬಹುದು. ಆಗಲೂ ಆಗದಿದ್ದರೆ ಮ್ಯಾಜಿಸ್ಟ್ರೇಟರಲ್ಲಿಗೆ ಹೋಗಬಹುದು.

ಇನ್ನು ನ್ಯಾಯಾಲಯದ ದಾರಿ. ಮೊದಲು ಸಿವಿಲ್ ನ್ಯಾಯಾಲಯದಲ್ಲಿ ದಾವೆ ಹೂಡಿ, ಸಿವಿಲ್ ಪ್ರಕ್ರಿಯಾ ಸಂಹಿತೆಯ 39ನೇ ಆದೇಶದಡಿ ತಾತ್ಕಾಲಿಕ ತಡೆಯಾಜ್ಞೆ ಕೇಳಬೇಕು. ನ್ಯಾಯಾಧೀಶರು ಮೂರು ಸಂಗತಿ ನೋಡುತ್ತಾರೆ: ಮೇಲ್ನೋಟಕ್ಕೆ ಅರ್ಜಿದಾರರಲ್ಲಿ ಹುರುಳಿದೆಯೇ, ಆಜ್ಞೆ ಕೊಡದಿದ್ದರೆ ಯಾರಿಗೆ ಹೆಚ್ಚು ತೊಂದರೆ, ಆಗುವ ಹಾನಿ ತುಂಬಿಕೊಡಲಾಗದ್ದೇ. ಆದ್ದರಿಂದ ಪಹಣಿ, ಮನೆ ತೆರಿಗೆ ರಸೀದಿ, ವಿದ್ಯುತ್ ಬಿಲ್ಲು, ಪಡಿತರ ಚೀಟಿ, ವಂಶವೃಕ್ಷಗಳನ್ನು ಜೋಪಾನವಾಗಿಡಬೇಕು.

ಆಜ್ಞೆ ಸಿಕ್ಕ ಮೇಲೂ ಎದುರಾಳಿ ಬಗ್ಗದಿದ್ದರೆ? ಅದೇ ನ್ಯಾಯಾಲಯಕ್ಕೆ 151ನೇ ಕಲಮಿನಡಿ ಪೊಲೀಸ್ ನೆರವು ಕೋರಿ ಅರ್ಜಿ ಹಾಕಬಹುದು. ನ್ಯಾಯಾಲಯಕ್ಕೆ ಮನವರಿಕೆಯಾದರೆ, ಆಜ್ಞೆಯನ್ನು ಜಾರಿಗೊಳಿಸಲು ನೆರವಾಗುವಂತೆ ಠಾಣೆಗೆ ನಿರ್ದೇಶಿಸುತ್ತದೆ. ಆಗ ‘ಸಿವಿಲ್ ವ್ಯಾಜ್ಯ’ ಎಂದು ಕೈತೊಳೆದುಕೊಳ್ಳುವಂತಿಲ್ಲ. ಆಜ್ಞೆ ಮೀರಿದವರ ಆಸ್ತಿ ಜಪ್ತಿಯಾಗಬಹುದು. ಮೂರು ತಿಂಗಳವರೆಗೆ ಸಿವಿಲ್ ಬಂದೀಖಾನೆಯೂ ಆಗಬಹುದು.

ಪೊಲೀಸರು ಕರ್ತವ್ಯವನ್ನೇ ಮಾಡದಿದ್ದರೆ ಸಂವಿಧಾನದ 226ನೇ ವಿಧಿಯಡಿ ಉಚ್ಚ ನ್ಯಾಯಾಲಯಕ್ಕೆ ರಿಟ್ ಅರ್ಜಿ ಸಲ್ಲಿಸಬಹುದು. 2008ರಲ್ಲಿ ಸಂಚಾರಿ ಪೀಠವಾಗಿ ಆರಂಭವಾಗಿ 2013ರಲ್ಲಿ ಕಾಯಂ ಆದ ಕಲಬುರಗಿ ಪೀಠದ ವ್ಯಾಪ್ತಿಗೆ ರಾಯಚೂರು ಜಿಲ್ಲೆ ಸೇರುತ್ತದೆ. ಆದರೆ ಒಂದು ಎಚ್ಚರಿಕೆ: ಪೊಲೀಸ್ ರಕ್ಷಣೆಯ ರಿಟ್ ನೆಪದಲ್ಲಿ ವಿವಾದದ ಹಕ್ಕನ್ನೇ ತೀರ್ಮಾನಿಸಿಕೊಳ್ಳಲಾಗದು, ಅದಕ್ಕೆ ಸಿವಿಲ್ ನ್ಯಾಯಾಲಯವೇ ಸ್ಥಳ ಎಂದು ಸುಪ್ರೀಂ ಕೋರ್ಟ್ 2006ರಲ್ಲಿ ಕೇರಳದ ಮುರಳೀಧರನ್ ಪ್ರಕರಣದಲ್ಲಿ ಹೇಳಿದೆ.

‘ವಕೀಲರ ಫೀಸಿಗೆ ಹಣವೆಲ್ಲಿ?’ ಎಂದು ಕೇಳುತ್ತೀರಾ? 1987ರ ಕಾನೂನು ಸೇವೆಗಳ ಪ್ರಾಧಿಕಾರ ಕಾಯ್ದೆಯ ಪ್ರಕಾರ ಮಹಿಳೆಯರು, ಮಕ್ಕಳು, ಪರಿಶಿಷ್ಟ ಜಾತಿ ಮತ್ತು ಪಂಗಡದವರಿಗೆ ಆದಾಯದ ಮಿತಿಯಿಲ್ಲದೆ ಉಚಿತ ನೆರವುಂಟು. ರಾಯಚೂರಿನ ಜಿಲ್ಲಾ ಪ್ರಾಧಿಕಾರಕ್ಕೆ ಅಥವಾ ತಾಲ್ಲೂಕು ಸಮಿತಿಗೆ ಅರ್ಜಿ ಕೊಡಬಹುದು. ಸಹಾಯವಾಣಿ 15100.

ನೆನಪಿಡಿ, ಪೊಲೀಸ್ ರಕ್ಷಣೆಯಿಂದ ಆಸ್ತಿಯ ಒಡೆತನ ಸಿಗುವುದಿಲ್ಲ. ತೀರ್ಪು ಬರುವವರೆಗೆ ಯಾರೂ ತೋಳ್ಬಲದಿಂದ ಪಾಲು ಹಂಚದಂತೆ ಅದು ತಡೆಯುತ್ತದೆ. ನಿಮ್ಮ ಓಣಿಯಲ್ಲಿ ಅಂಜಿಕೊಂಡು ಕುಳಿತ ತಾಯಿಯೊಬ್ಬಳಿದ್ದರೆ ಅವಳಿಗೆ ಈ ದಾರಿಯನ್ನು ತಿಳಿಸಿ.