ಗೆದ್ದ ಕೇಸು, ಜಾರಿಯಾಗದ ಆದೇಶ

ಹೈಕೋರ್ಟಿನಲ್ಲಿ ಕೇಸು ಗೆದ್ದಿರಿ. ಆದೇಶದ ಪ್ರತಿಯನ್ನು ಕಚೇರಿಗೆ ಕೊಟ್ಟು, ಸ್ವೀಕೃತಿಯ ಸೀಲು ಹಾಕಿಸಿಕೊಂಡು ಬಂದಿರಿ. ಗಡುವು ಮುಗಿದರೂ ಕಡತ ಟೇಬಲ್ಲಿನಿಂದ ಟೇಬಲ್ಲಿಗೆ ಓಡಾಡುತ್ತಲೇ ಇದೆ. ಈಗೇನು ಮಾಡೋದು?

1971ರ ನ್ಯಾಯಾಂಗ ನಿಂದನೆ ಕಾಯ್ದೆ ಇದೆ. ಆದೇಶವನ್ನು ಬೇಕೆಂದೇ ಪಾಲಿಸದಿದ್ದರೆ ಅದು ಸಿವಿಲ್ ನಿಂದನೆ. ಆರು ತಿಂಗಳವರೆಗೆ ಸಜೆ, 2,000 ರೂಪಾಯಿವರೆಗೆ ದಂಡ, ಇಲ್ಲವೇ ಎರಡೂ. ಈ ದಂಡಕ್ಕೆ ಯಾರೂ ಹೆದರುವುದಿಲ್ಲ ಬಿಡಿ. ಹೆಸರು ಹಿಡಿದು ಕರೆದಾಗ ಖುದ್ದು ಕಟಕಟೆಯೆದುರು ನಿಲ್ಲಬೇಕಲ್ಲ, ಅದಕ್ಕೆ ಹೆದರುತ್ತಾರೆ.

ನಮ್ಮ ಬೆಂಗಳೂರಿನದ್ದೇ ಪ್ರಕರಣ ಕೇಳಿ. ಮಹಾನಗರ ಪಾಲಿಕೆಯ ಎಂಜಿನಿಯರೊಬ್ಬರ ಬಡ್ತಿಯ ವಿಚಾರ. ಸುಪ್ರೀಂ ಕೋರ್ಟಿನ ಆದೇಶ ಪಾಲನೆಯಾಗಲಿಲ್ಲ. 1995ರಲ್ಲಿ ಅದೇ ಕೋರ್ಟು ನಗರಾಭಿವೃದ್ಧಿ ಇಲಾಖೆಯ ಹಿರಿಯ ಐಎಎಸ್ ಅಧಿಕಾರಿ ಜೆ. ವಾಸುದೇವನ್ ಅವರಿಗೆ ಒಂದು ತಿಂಗಳ ಸಜೆ ವಿಧಿಸಿತು.

ಗೆದ್ದವರೇ ಮತ್ತೆ ವಕೀಲರ ಫೀಸು ಕಟ್ಟಿ ಅಲೆಯಬೇಕು ಅನ್ನುವುದು ನಿಜಕ್ಕೂ ಅನ್ಯಾಯ. ಆದರೂ ಕಾಯುತ್ತಾ ಕೂರಬೇಡಿ. ನಿಂದನೆ ನಡೆದ ದಿನದಿಂದ ಒಂದು ವರ್ಷದೊಳಗೆ ಅರ್ಜಿ ಹಾಕಬೇಕು. "ನಾವು ಮೇಲ್ಮನವಿ ಹಾಕಿದ್ದೇವೆ" ಅಂತ ಕಚೇರಿಯವರು ಹೇಳಿದರೆ, ತಡೆಯಾಜ್ಞೆ ಸಿಕ್ಕಿದೆಯಾ ಅಂತ ಕೇಳಿ. ಬರೀ ಮೇಲ್ಮನವಿ ಹಾಕಿದ ಮಾತ್ರಕ್ಕೆ ಆದೇಶ ನಿಲ್ಲುವುದಿಲ್ಲ.